ಓದುಗರ ಪ್ರಶ್ನೆ: ಹೊರದೇಶದಲ್ಲಿ ಸ್ವಂತ ಸಿನಿಮಾ ಮಾಡ್ಕೊಂಡು ಬದುಕೋಕಾಗುತ್ತಾ?

ಪ್ರಶ್ನೆ: ಸರ್, ದೊಡ್ಡ ಸ್ಟುಡಿಯೋಗಳ ಹಂಗಿಲ್ಲದೆ ಬೇರೆ ದೇಶಕ್ಕೆ ಹೋಗಿ ಸಿನಿಮಾ ಮಾಡೋ ಡೈರೆಕ್ಟರ್‌ಗಳು ಇದ್ದಾರಲ್ಲ, ಅವ್ರಿಗೆ ಭಾಷೆ ಅಡ್ಡ ಬರಲ್ವಾ? ದುಡ್ಡು ಎಲ್ಲಿಂದ ಬರುತ್ತೆ? ನಂಗೂ ಆ ಆಸೆ ಇದೆ.

ಉತ್ತರ: ಆಸೆ ಇದ್ರೆ ಮೊದಲು ಇರಾನಿನ ಅಮೀರ್ ನಾದೆರಿ ಅವ್ರ ಸಿನಿಮಾಗಳನ್ನ ಹುಡುಕಿ ನೋಡಿ. ಇರಾನಲ್ಲೇ ಮಾಡಿದ ‘ದಿ ರನ್ನರ್’ ಕೊನೇಲಿ ಧಗಧಗ ಉರಿಯೋ ಬೆಂಕಿ ಹತ್ರ ಒಂದು ಐಸ್ ಗಡ್ಡೆ ಕರಗ್ತಾ ಇರುತ್ತೆ, ಹುಡುಗರು ಒಬ್ಬರನ್ನೊಬ್ಬರು ತಳ್ಕೊಂಡು ಅದ್ರ ಕಡೆ ಓಡ್ತಾರೆ, ಒಂದು ಮಾತೂ ಅರ್ಥ ಆಗ್ದಿದ್ರೂ ನೋಡೋರ ಗಂಟಲು ಒಣಗಿಹೋಗುತ್ತೆ. ಆಮೇಲೆ ಅವ್ರು ನ್ಯೂಯಾರ್ಕಿಗೆ ಹೋದ್ರು. 1993ರಲ್ಲಿ ಅಲ್ಲಿ ಮಾಡಿದ ಸಿನಿಮಾದಲ್ಲಿ ಕೆಲಸ ಕಳ್ಕೊಂಡ ಪತ್ರಕರ್ತ ಬಾಡಿಗೆ ದುಡ್ಡಿಗೆ ಊರೆಲ್ಲ ಅಲೀತಾನೆ. 2011ರಲ್ಲಿ ಜಪಾನಲ್ಲಿ ‘ಕಟ್’ ಮಾಡಿದ್ರು, ಅದ್ರಲ್ಲಿ ಒಬ್ಬ ಬಡ ಡೈರೆಕ್ಟರು ಸತ್ತ ಅಣ್ಣನ ಸಾಲ ತೀರ್ಸೋಕೆ ಗೂಂಡಾಗಳ ಕೈಲಿ ದುಡ್ಡಿಗೆ ಗುದ್ದು ತಿಂತಾನೆ, ಒಂದೊಂದು ಏಟಿಗೂ ತಾನು ಪ್ರೀತಿಸೋ ಒಂದೊಂದು ಸಿನಿಮಾನ ನೆನೆಸ್ಕೊಂಡು ತಡ್ಕೊಳ್ತಾನೆ. 2016ರಲ್ಲಿ ಇಟಲಿಗೆ ಹೋಗಿ ಮಾಡಿದ್ರಲ್ಲಿ ಒಬ್ಬ ರೈತ ಬೆಟ್ಟಾನೇ ಸುತ್ತಿಗೆಲಿ ಕುಟ್ತಾನೆ! ದೇಶ ಬದಲಾಯ್ತು, ನಟರ ಭಾಷೆ ಬದಲಾಯ್ತು, ಆದ್ರೆ ಒಂಟಿಯಾಗಿ ಹಠ ಹಿಡಿದು ನಿಲ್ಲೋ ಆ ಮನುಷ್ಯ ಮಾತ್ರ ಅವ್ನೇ. ಹೋದ ಕಡೆಯ ರುಚಿ ನೋಡ್ಕೊಂಡು ತನ್ನ ಕಥೆ ತಿದ್ದೋರಿಗಿಂತ ಇಂಥೋರೇ ಹೆಚ್ಚು ಕಾಲ ಉಳೀತಾರೆ ಅನ್ನೋದು ನನ್ನ ನಂಬಿಕೆ.

ದುಡ್ಡಿನ ವಿಷ್ಯ ಕಷ್ಟದ್ದೇ. ಫೆಸ್ಟಿವಲ್ಲಲ್ಲಿ ಚಪ್ಪಾಳೆ ಬಿದ್ರೆ ಮುಂದಿನ ಸಿನಿಮಾಗೆ ಬಾಗಿಲು ತೆರೀಬಹುದು, ಮನೆ ಬಾಡಿಗೆ ಕಟ್ಟೋಕಾಗಲ್ಲ, ಹಾಗಾಗಿ ಪಾಠ ಮಾಡೋದು, ಎಡಿಟಿಂಗ್, ಜಾಹೀರಾತು ಅಂತ ಇನ್ನೊಂದು ಕೆಲಸ ಇದ್ದೇ ಇರ್ಬೇಕಾಗುತ್ತೆ. ಏಷ್ಯಾ, ಆಫ್ರಿಕಾ, ಲ್ಯಾಟಿನ್ ಅಮೆರಿಕದ ಡೈರೆಕ್ಟರ್‌ಗಳಿಗೆ ರಾಟರ್‌ಡ್ಯಾಮ್ ಫೆಸ್ಟಿವಲ್‌ನ ಹ್ಯೂಬರ್ಟ್ ಬಾಲ್ಸ್ ಫಂಡ್ ಇದೆ, ಬರ್ಲಿನ್ ಫೆಸ್ಟಿವಲ್‌ನವರು 2004ರಲ್ಲಿ ಶುರು ಮಾಡಿದ ವರ್ಲ್ಡ್ ಸಿನಿಮಾ ಫಂಡ್ ಇದೆ. ಎರಡನೇದಕ್ಕೆ ಜರ್ಮನಿಯ ಪ್ರೊಡ್ಯೂಸರ್ ಜೊತೆಗಿರ್ಬೇಕು. ಇಂಥ ಫಂಡ್‌ಗಳಿಂದ ಸಾಮಾನ್ಯವಾಗಿ ಖರ್ಚಿನ ಒಂದು ಭಾಗ ಅಷ್ಟೇ ಸಿಗೋದು, ಉಳಿದಿದ್ದಕ್ಕೆ ಎರಡು ಮೂರು ದೇಶದ ನಿರ್ಮಾಪಕರು ಸೇರ್ಬೇಕು, ಅಷ್ಟರಲ್ಲಿ ವರ್ಷಗಳೇ ಕಳೆದುಹೋಗುತ್ವೆ.

ಲಿಥುವೇನಿಯಾದಿಂದ ನಿರಾಶ್ರಿತನಾಗಿ 1949ರಲ್ಲಿ ನ್ಯೂಯಾರ್ಕಿಗೆ ಬಂದ ಯೋನಾಸ್ ಮೇಕಾಸ್ ಅವ್ರನ್ನೂ ನೋಡಿ. ಬಂದ ಹೊಸದ್ರಲ್ಲೇ ಸಾಲ ಮಾಡಿ 16 ಎಂಎಂ ಬೋಲೆಕ್ಸ್ ಕ್ಯಾಮೆರಾ ತಗೊಂಡು ದಿನಾ ಕಂಡಿದ್ದನ್ನೆಲ್ಲ ಶೂಟ್ ಮಾಡಿದ್ರು, 1962ರಲ್ಲಿ ಗೆಳೆಯರನ್ನ ಸೇರಿಸ್ಕೊಂಡು ತಮ್ಮ ಸಿನಿಮಾ ತಾವೇ ಹಂಚೋಕೆ ಸಹಕಾರಿ ಸಂಸ್ಥೆ ಕಟ್ಟಿದ್ರು. ನಂಗೆ ಅವ್ರ ಮೇಲೆ ಗೌರವ ಜಾಸ್ತಿ ಇರೋದು ಈ ಎರಡನೇ ಕೆಲಸಕ್ಕೇ.

ನೀವು ಹೊರಡೋ ಮುಂಚೆ ಒಂದು ಕಿರುಚಿತ್ರನಾದ್ರೂ ಒಳ್ಳೆ ಸಬ್‌ಟೈಟಲ್ ಹಾಕಿ ಮುಗಿಸಿಡಿ, ಯಾರೇ ಸಿಕ್ಕಿದ್ರೂ ಮೊದಲು ಕೇಳೋದು ಅದನ್ನೇ. ಅಗ್ರಿಮೆಂಟ್ ಬಂದಾಗ ಯಾವ ದೇಶದ ಹಕ್ಕು ಯಾರಿಗೆ, ಎಷ್ಟು ವರ್ಷಕ್ಕೆ ಅನ್ನೋದನ್ನ ಲಾಯರ್ ಕೈಲಿ ಓದಿಸದೆ ಸೈನ್ ಹಾಕಬೇಡಿ.