ಸೆಕೆಂಡ್ ಹ್ಯಾಂಡ್ ಮೊಬೈಲ್ ಕದ್ದ ಮಾಲಾಗಿದ್ದರೆ ನಿರೀಕ್ಷಣಾ ಜಾಮೀನು ಸಿಗುತ್ತದೆಯೇ?

ನಿರೀಕ್ಷಣಾ ಜಾಮೀನು, ಅಂದರೆ ಬಂಧನಕ್ಕೆ ಮೊದಲೇ ಪಡೆಯುವ ಜಾಮೀನು, ಸಿಗಬಹುದು. ಕದ್ದ ಮಾಲು ಇಟ್ಟುಕೊಳ್ಳುವುದು ಮೊದಲು ಐಪಿಸಿ (ಹಳೆಯ ಭಾರತೀಯ ದಂಡ ಸಂಹಿತೆ) ಕಲಂ 411ರಡಿ ಅಪರಾಧವಾಗಿತ್ತು, 2024ರ ಜುಲೈ 1ರಿಂದ ಬಿಎನ್‌ಎಸ್ (ಭಾರತೀಯ ನ್ಯಾಯ ಸಂಹಿತೆ) ಕಲಂ 317(2)ರಡಿ ಅಪರಾಧ. ಶಿಕ್ಷೆ 3 ವರ್ಷದವರೆಗೆ, ಜಾಮೀನುರಹಿತ (ಜಾಮೀನು ತಾನಾಗಿಯೇ ಸಿಗದು, ಕೋರ್ಟ್ ಕೊಡಬೇಕು). ಆದ್ದರಿಂದ ಬಿಎನ್‌ಎಸ್‌ಎಸ್ (ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ) ಕಲಂ 482ರಡಿ ಸೆಷನ್ಸ್ ಕೋರ್ಟ್ ಅಥವಾ ಹೈಕೋರ್ಟಿಗೆ ಅರ್ಜಿ ಹಾಕಬಹುದು.

ಮುಖ್ಯ ವಿಷಯ ಒಂದೇ: ಅದು ಕದ್ದದ್ದೆಂದು ನಿಮಗೆ ಗೊತ್ತಿತ್ತಾ, ಅಥವಾ ಅನುಮಾನ ಬರಬೇಕಿತ್ತಾ? ಬಿಲ್, ಯುಪಿಐ ಪಾವತಿ, ಮಾರಿದವನ ಜೊತೆಗಿನ ಚಾಟ್ ಇದ್ದರೆ ಎಲ್ಲವನ್ನೂ ಜೋಪಾನ ಮಾಡಿ, ಯಾಕೆಂದರೆ 40 ಸಾವಿರದ ಫೋನು 5 ಸಾವಿರಕ್ಕೆ ಬಿಲ್ಲಿಲ್ಲದೆ ಸಿಕ್ಕಿದ್ದರೆ ಕೋರ್ಟ್ ಖಂಡಿತ ಪ್ರಶ್ನೆ ಮಾಡುತ್ತದೆ, ಅಲ್ವಾ? ಮಾಲು ವಶಪಡಿಸಿಕೊಳ್ಳಬೇಕು ಅನ್ನುವುದೇ ಜಾಮೀನಿನ ವಿರುದ್ಧ ಪೊಲೀಸರ ದೊಡ್ಡ ವಾದ. ವಕೀಲರ ಮೂಲಕ ಫೋನ್ ಒಪ್ಪಿಸಿ ರಸೀದಿ ಪಡೆದರೆ ಆ ವಾದದ ಬಲ ಕುಗ್ಗುತ್ತದೆ. ಅದನ್ನು ಬೇರೆಯವರಿಗೆ ಮಾರಲು ಮಾತ್ರ ಹೋಗಬೇಡಿ. ಬಿಎನ್‌ಎಸ್‌ಎಸ್ 35(3)ರಡಿ ಪೊಲೀಸರ ಮುಂದೆ ಹಾಜರಾಗಲು ನೋಟಿಸ್ ಬಂದರೆ ಸುಮ್ನೆ ಕೂರದೆ ಹಾಜರಾಗಿ.