ಹದಿಮೂರನೆಯ ವಿಧಿಯಿಂದ ಆರಂಭಿಸಿ

ಮಾನ್ಯರೇ,

ರಷ್ಯದ ರಾಜತಾಂತ್ರಿಕ ಅಲೆಕ್ಸಾಂಡರ್ ಗ್ರಿಬೊಯೆದೊವ್ ಅವರ ಬದುಕು ಮತ್ತು ವೃತ್ತಿಯನ್ನು ಕುರಿತು ನೀವು ಕಳಿಸಿದ ಲೇಖನವನ್ನು ಎರಡು ಸಲ ಓದಿದೆ. ಈಗಿರುವ ರೂಪದಲ್ಲಿ ಅದನ್ನು ಪ್ರಕಟಿಸಲಾರೆ. ಹಾಗೆಂದು ಒಂದು ಸಾಲಿನ ವಿಷಾದಪತ್ರ ಬರೆದು ಮುಗಿಸಲು ಮನಸ್ಸು ಬರಲಿಲ್ಲ, ಏಕೆಂದರೆ ನೀವು ಸಂಗ್ರಹಿಸಿರುವ ಸಾಮಗ್ರಿ ನಿಮ್ಮ ಬರವಣಿಗೆಗಿಂತ ಬಹಳ ಗಟ್ಟಿಯಾಗಿದೆ.

ಲೇಖನ ಮಾಸ್ಕೋದ ಬಾಲ್ಯದಿಂದ ಹೊರಟು ವಿಶ್ವವಿದ್ಯಾಲಯ, ಅಶ್ವದಳ, 1817ರಲ್ಲಿ ವಿದೇಶಾಂಗ ಇಲಾಖೆಯ ನೌಕರಿ, ಮರುವರ್ಷ ಪರ್ಷಿಯಾಕ್ಕೆ ನೇಮಕ ಎಂದು ಸರ್ಕಾರಿ ಸೇವಾಪುಸ್ತಕದಂತೆ ಸಾಗುತ್ತದೆ. ಕೊನೆಯ ಪುಟದಲ್ಲಿ, ಯಾವ ಮುನ್ಸೂಚನೆಯೂ ಇಲ್ಲದೆ, ಟೆಹರಾನಿನ ಜನ ರಾಯಭಾರಿಯ ಮನೆಗೆ ನುಗ್ಗಿ ಅವರನ್ನು ಕೊಲ್ಲುತ್ತಾರೆ. ಏಕೆ ಎಂಬ ಪ್ರಶ್ನೆಗೆ ನೀವು ಕೊಟ್ಟಿರುವ ಉತ್ತರ ‘ಮತಾಂಧತೆ’ ಎಂಬ ಒಂದೇ ಪದ. ನಿಜವಾದ ಉತ್ತರವನ್ನು ನೀವೇ ಮೂರನೆಯ ಪುಟದಲ್ಲಿ ಅರ್ಧ ಸಾಲಿನಲ್ಲಿ ಬರೆದು ದಾಟಿಹೋಗಿದ್ದೀರಿ.

ಆ ಅರ್ಧ ಸಾಲು 1828ರ ಫೆಬ್ರವರಿಯ ತುರ್ಕ್‌ಮೆಂಚಾಯ್ ಒಪ್ಪಂದದ್ದು. ರಷ್ಯದೊಡನೆಯ ಯುದ್ಧದಲ್ಲಿ ಸೋತ ಪರ್ಷಿಯಾ ಯೆರವಾನ್ ಮತ್ತು ನಖಿಚೆವಾನ್‌ಗಳನ್ನು ಬಿಟ್ಟುಕೊಟ್ಟು, ಎರಡು ಕೋಟಿ ಬೆಳ್ಳಿ ರೂಬಲ್ ಪರಿಹಾರ ಕೊಡಲು ಒಪ್ಪಿತು. ಅದರ ಹದಿಮೂರನೆಯ ವಿಧಿಯಂತೆ, ಈ ಯುದ್ಧದಲ್ಲಾಗಲಿ ಹಿಂದಿನ ಯುದ್ಧಗಳಲ್ಲಾಗಲಿ ಸೆರೆಸಿಕ್ಕವರನ್ನು ಎರಡೂ ಕಡೆಯವರು ಹಿಂದಿರುಗಿಸಬೇಕಾಗಿತ್ತು. ಉಳಿದುಹೋದವರನ್ನು ಯಾವಾಗ ಬೇಕಾದರೂ ಕೇಳುವ ಹಕ್ಕೂ ಇತ್ತು. ಈ ಒಪ್ಪಂದದ ಮಾತುಕತೆಯಲ್ಲಿ ಗ್ರಿಬೊಯೆದೊವ್ ಅವರದು ಮುಖ್ಯ ಪಾತ್ರ, ಸಹಿಯಾದ ಪತ್ರವನ್ನು ಪೀಟರ್ಸ್‌ಬರ್ಗ್‌ಗೆ ಒಯ್ದವರೂ ಅವರೇ. ಅದನ್ನು ಜಾರಿಗೆ ತರುವ ಹೊಣೆಯನ್ನು ಚಕ್ರವರ್ತಿ ಅವರ ಹೆಗಲಿಗೇ ಹಾಕಿ ಮತ್ತೆ ಪರ್ಷಿಯಾಕ್ಕೆ ಕಳಿಸಿದ. 1829ರ ಆರಂಭದಲ್ಲಿ ಟೆಹರಾನಿನಲ್ಲಿ ಅವರ ಬಾಗಿಲು ತಟ್ಟಿದವನು ಪರ್ಷಿಯಾದ ದೊರೆ ಷಾನ ಅಂತಃಪುರದ ಖಜಾನೆ ನೋಡಿಕೊಳ್ಳುತ್ತಿದ್ದ ಅರ್ಮೇನಿಯನ್ ನಪುಂಸಕ ಮಿರ್ಜಾ ಯಾಕೂಬ್. ತಾನು ಯೆರವಾನಿನವನು, ಊರಿಗೆ ಕಳಿಸಿಕೊಡಿ ಎಂಬುದು ಅವನ ಕೋರಿಕೆ. ಷಾನ ಅಳಿಯ ಅಲ್ಲಾಯಾರ್ ಖಾನನ ಮನೆಯಿಂದ ಬಂದ ಇಬ್ಬರು ಅರ್ಮೇನಿಯನ್ ಸ್ತ್ರೀಯರೂ ಅಲ್ಲಿದ್ದರು. ಅವರನ್ನು ಹೊರಹಾಕಿದರೆ ತಾವೇ ಬರೆಸಿದ ವಿಧಿಗೆ ದ್ರೋಹ. ಇರಿಸಿಕೊಂಡರೆ ಷಾನ ಮನೆಯ ಗುಟ್ಟುಗಳನ್ನೆಲ್ಲ ಬಲ್ಲವನನ್ನು ಕಸಿದಂತೆ. ನಿಮ್ಮ ಲೇಖನದ ಹೃದಯ ಇರಬೇಕಾದದ್ದು ಇಲ್ಲಿ.

ಇನ್ನೊಂದು ಎಳೆಯನ್ನೂ ನೀವು ಕೈಯಲ್ಲಿ ಹಿಡಿದು ಬಿಟ್ಟಿದ್ದೀರಿ. 1819ರಲ್ಲಿ, ಇನ್ನೂ ಕಿರಿಯ ಕಾರ್ಯದರ್ಶಿಯಾಗಿದ್ದಾಗಲೇ, ಅವರು ಪರ್ಷಿಯಾದ ತಬ್ರೀಜ್‌ನಲ್ಲಿದ್ದ ರಷ್ಯನ್ ಸೆರೆಯಾಳುಗಳನ್ನೂ ಸೇನೆ ಬಿಟ್ಟು ಓಡಿಬಂದವರನ್ನೂ ಒಟ್ಟುಗೂಡಿಸಿ ತಾವೇ ಮುಂದೆ ನಿಂತು ರಷ್ಯದ ವಶದಲ್ಲಿದ್ದ ಟಿಫ್ಲಿಸ್‌ಗೆ ಕರೆತಂದಿದ್ದರು. ಇದನ್ನು ನೀವು ‘ಕೆಲವು ಸೈನಿಕರಿಗೆ ನೆರವಾದರು’ ಎಂದು ಬರೆದಿದ್ದೀರಿ. ಹತ್ತು ವರ್ಷಗಳ ಅಂತರದ ಈ ಎರಡು ಘಟನೆಗಳನ್ನು ಎದುರುಬದುರು ಇಟ್ಟರೆ, ಯಾಕೂಬನನ್ನು ಅವರು ಏಕೆ ಬಿಟ್ಟುಕೊಡಲಿಲ್ಲ ಎಂದು ಓದುಗರಿಗೆ ನೀವು ವಿವರಿಸಬೇಕಾಗುವುದಿಲ್ಲ.

ಸಾಯುವ ಮುನ್ನ ಅವರು ಆಡಿದರೆಂದು ನೀವು ಬರೆದಿರುವ ಹನ್ನೆರಡು ಸಾಲಿನ ಸ್ವಗತವನ್ನು ದಯವಿಟ್ಟು ತೆಗೆದುಹಾಕಿ. ನಿಯೋಗದ ರಷ್ಯನ್ನರಲ್ಲಿ ಬದುಕುಳಿದದ್ದು ಕಾರ್ಯದರ್ಶಿ ಇವಾನ್ ಮಾಲ್ತ್ಸೊವ್ ಒಬ್ಬನೇ, ಅವನೂ ಆಗ ಅಡಗಿಕೊಂಡಿದ್ದ. ಹಾಗಾದರೆ ಆ ಮಾತನ್ನು ಕೇಳಿಸಿಕೊಂಡವರು ಯಾರು? ಇಂಗ್ಲಿಷರೇ ಈ ಕೊಲೆ ಮಾಡಿಸಿದರು ಎಂಬುದನ್ನೂ ಸಿದ್ಧ ಸತ್ಯದಂತೆ ಬರೆಯಬೇಡಿ. ಅದು ಆರೋಪ, ಆರೋಪವೆಂದೇ ಇರಲಿ.

ಷಾ ವಜ್ರದ ವಿಷಯವೂ ಹಾಗೆಯೇ. ಕ್ಷಮೆ ಕೋರಲು ಷಾನ ಮೊಮ್ಮಗ ಖುಸ್ರೋ ಮಿರ್ಜಾ ಪೀಟರ್ಸ್‌ಬರ್ಗ್‌ಗೆ ಹೋದದ್ದು, ಕಾಣಿಕೆಗಳಲ್ಲಿ 88.7 ಕ್ಯಾರಟ್‌ನ ಆ ವಜ್ರ ಇದ್ದದ್ದು ನಿಜ. ಅದು ‘ರಕ್ತದ ಬೆಲೆ’ ಎಂಬುದು ಜನರ ಬಾಯಲ್ಲಿ ಬೆಳೆದ ಕಥೆ. ಅದನ್ನು ವಿಜಯನಗರದ ಖಜಾನೆಗೆ ಜೋಡಿಸಿದ್ದೀರಲ್ಲ, ಆ ಪ್ಯಾರಾ ಪೂರ್ತಿ ಹೋಗಲಿ. ನಮ್ಮ ಕಡೆಯ ನಂಟು ಹುಡುಕುವ ಆಸೆ ನನಗೂ ಇದೆ, ಆದರೆ ಕಲ್ಲಿನ ಮೇಲೆ ಕೊರೆದಿರುವ ಮೊದಲ ಹೆಸರು ಅಹಮದ್‌ನಗರದ ಬುರ್ಹಾನ್ ನಿಜಾಮ್ ಷಾನದು, ನಂತರದ್ದು ಷಹಜಹಾನನದು. ದಖ್ಖನ್ನಿನ ನಂಟು ಅಷ್ಟು ಸ್ಪಷ್ಟವಾಗಿ ಇರುವಾಗ ಇಲ್ಲದ್ದನ್ನು ಅಂಟಿಸುವ ಅಗತ್ಯವೇನು?

ನಾಟಕಕಾರರಾಗಿ ಅವರ ಬಗ್ಗೆ ನಾಲ್ಕು ಪುಟ ಹೆಚ್ಚಾಯಿತು. ನಾಟಕ ಸೆನ್ಸಾರಿಗೆ ಸಿಕ್ಕಿ, ಕೈಬರಹದ ಪ್ರತಿಗಳಲ್ಲೇ ಊರೂರು ಸುತ್ತಿತು ಎಂಬಷ್ಟು ಸಾಕು. 1818ರ ದ್ವಂದ್ವಯುದ್ಧದಲ್ಲಿ ಅವರ ಎಡಗೈಗೆ ತಗುಲಿದ ಗುಂಡಿನ ವಿಷಯ ಮಾತ್ರ ಇರಬೇಕು, ಏಕೆಂದರೆ ವಿರೂಪಗೊಂಡ ಶವವನ್ನು ಗುರುತಿಸಿದ್ದು ಆ ಕೈಯಿಂದ ಎಂದು ಕವಿ ಪುಷ್ಕಿನ್ ಬರೆದಿದ್ದಾರೆ. ನೀವು ಗುಂಡನ್ನು ಎರಡನೆಯ ಪುಟದಲ್ಲಿಯೂ ಗುರುತು ಹಿಡಿದದ್ದನ್ನು ಒಂಬತ್ತನೆಯದರಲ್ಲಿಯೂ ಇಟ್ಟು, ನಡುವೆ ಸಂಬಂಧವನ್ನೇ ಹೇಳಿಲ್ಲ.

ಹದಿನೈದು ವರ್ಷದ ನೀನಾಳನ್ನು ಮದುವೆಯಾಗಿ ಕೆಲವೇ ತಿಂಗಳಲ್ಲಿ, ಗರ್ಭಿಣಿಯಾಗಿದ್ದ ಅವಳನ್ನು ತಬ್ರೀಜ್‌ನಲ್ಲಿ ಬಿಟ್ಟು ಅವರು ಟೆಹರಾನಿಗೆ ಹೊರಟ ಭಾಗ ಚೆನ್ನಾಗಿದೆ. ಅಲ್ಲಿ ನೀವು ವಿಶೇಷಣಗಳನ್ನು ಮರೆತಿದ್ದೀರಿ. ಸಮಾಧಿಯ ಮೇಲೆ ಅವಳು ಕೆತ್ತಿಸಿದ ‘ನನ್ನ ಪ್ರೀತಿ ನಿನಗಿಂತ ಹೆಚ್ಚು ಕಾಲ ಬದುಕಿದ್ದೇಕೆ’ ಎಂಬ ಮಾತು ಲೇಖನದಲ್ಲಿ ಮೂರು ಕಡೆ ಬಂದಿದೆ. ಒಂದು ಕಡೆ ಸಾಕು.

ಕಡೆಯದಾಗಿ, ದಾಳಿ ಒಂದೆಡೆ ಜನವರಿ 30ರಂದು, ಇನ್ನೊಂದೆಡೆ ಫೆಬ್ರವರಿ 11ರಂದು ನಡೆಯುತ್ತದೆ. ಎರಡೂ ಒಂದೇ ದಿನ: ಮೊದಲನೆಯದು ರಷ್ಯದ ಹಳೆಯ ಪಂಚಾಂಗದ್ದು, ಎರಡನೆಯದು ಈಗಿನದು. ಒಂದನ್ನು ಆರಿಸಿಕೊಂಡು ಕೊನೆಯವರೆಗೂ ಅದನ್ನೇ ಬಳಸಿ. ತಿದ್ದಿದ ಪ್ರತಿ ಎರಡು ಸಾವಿರ ಪದಗಳೊಳಗೆ ಇದ್ದರೆ ಮತ್ತೆ ಓದುತ್ತೇನೆ.

ಇತಿ,
ಸಂಪಾದಕ