ಬೈದವನೇ ಬರೆಯಲು ಕೂತಾಗ

ಸಾಗರದ ನಿವೃತ್ತ ಮೇಷ್ಟ್ರೊಬ್ಬರು ಕಳೆದ ಸಂಚಿಕೆ ಓದಿ ಸಿಟ್ಟಾಗಿದ್ದಾರೆ. ಬ್ರಿಟನ್ನಿನ ಚಿತ್ರಕಥೆಗಾರ ಡೇವಿಡ್ ಮೆಕ್‌ಗಿಲಿವ್ರೇ ಅವರಿಗೆ ನಾವು ಎರಡು ಪುಟ ಕೊಟ್ಟಿದ್ದು ಮೇಷ್ಟ್ರಿಗೆ ಹಿಡಿಸಿಲ್ಲ. ಪತ್ರದ ಸಾರ ಇಷ್ಟು: ‘ಒಳ್ಳೆಯ ಪತ್ರಿಕೆಯಲ್ಲಿ ಸಿನಿಮಾ ವಿಮರ್ಶೆ ಬರೆಯುತ್ತಿದ್ದ ಮನುಷ್ಯ ನಾಲ್ಕು ಕಾಸಿಗೆ ರಕ್ತ ಚೆಲ್ಲುವ ಚಿತ್ರಗಳಿಗೆ ಕಥೆ ಹೊಸೆಯಲು ಹೋದ. ಇದು ಪತನ. ನೀವು ಇದನ್ನು ಸಾಧನೆ ಅಂತ ಬರೆದಿದ್ದೀರಿ. ಹಾಗಾದರೆ ಅವನ ಹಳೆಯ ವಿಮರ್ಶೆಗಳಿಗೆ ಏನು ಬೆಲೆ?’

ಸಂಪಾದಕರ ಉತ್ತರ:

ಮೇಷ್ಟ್ರೇ, ನಾಲ್ಕು ಮಗ್ಗುಲು ತುಂಬ ಬರೆದಿದ್ದೀರಿ, ಒಂದು ಕಾಗುಣಿತ ತಪ್ಪಿಲ್ಲ. ನಮ್ಮ ಆಫೀಸಿನ ಹುಡುಗರಿಗೆಲ್ಲ ತೋರಿಸಿದೆ. ಆದರೆ ‘ಪತನ’ ಅನ್ನೋ ಒಂದು ಪದದ ಹತ್ತಿರ ನನ್ನ ಕನ್ನಡಕ ನಿಂತುಬಿಟ್ಟಿತು.

ನಿಮ್ಮ ಮಾತಿನಲ್ಲಿ ನಿಜ ಇಲ್ಲ ಅಂತಲ್ಲ. 1970ರ ದಶಕದಲ್ಲಿ ಮೆಕ್‌ಗಿಲಿವ್ರೇ ಬರೆದ ಪೋಲಿ ಹಾಸ್ಯದ ಚಿತ್ರಗಳ ಪರವಾಗಿ ನಾನು ವಾದ ಮಾಡಲಾರೆ. ಅವು ಹೇಗಿರಬೇಕೋ ಹಾಗೇ ಇವೆ. ಅಲ್ಲಿಗೆ ಅದನ್ನು ಬಿಡೋಣ.

ಆ ‘ಒಳ್ಳೆಯ ಪತ್ರಿಕೆ’ ಯಾವುದು ನೋಡಿ. ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್ ತರುತ್ತಿದ್ದ ‘ಮಂತ್ಲಿ ಫಿಲ್ಮ್ ಬುಲೆಟಿನ್’. 1934ರಿಂದ 1991ರವರೆಗೆ ನಡೆದದ್ದು. ಅದರಲ್ಲಿ ಒಂದೊಂದು ಚಿತ್ರಕ್ಕೂ ಮೊದಲು ಕೆಲಸ ಮಾಡಿದವರ ಹೆಸರುಗಳ ಪಟ್ಟಿ, ಆಮೇಲೆ ಇಡೀ ಕಥೆ, ಕೊನೆಗೆ ಅಭಿಪ್ರಾಯ. ಮಹಾಚಿತ್ರ ಬಂದರೂ ಅದೇ, ದರಿದ್ರ ಚಿತ್ರ ಬಂದರೂ ಅದೇ. ಯೋಚನೆ ಮಾಡಿ, ಒಂದು ಕೆಟ್ಟ ಚಿತ್ರದ ಕಥೆಯನ್ನು ಒಂದೇ ಪ್ಯಾರಾದಲ್ಲಿ ನೆಟ್ಟಗೆ ಹೇಳೋದು ಎಷ್ಟು ಕಷ್ಟ! ಎಲ್ಲಿ ಸೋರುತ್ತಿದೆ ಅನ್ನೋದು ತಾನಾಗಿ ಗೊತ್ತಾಗುತ್ತದೆ. ಹಂಚು ಕೈಯಾಡಿಸುವವನಿಗೆ ಸೂರಿನ ತೂತು ಗೊತ್ತಿದ್ದ ಹಾಗೆ. ಕಥೆಗಾರನಿಗೆ ಇದಕ್ಕಿಂತ ಒಳ್ಳೆ ಶಾಲೆ ಬೇಕಾ?

ನನ್ನದೇ ಒಂದು ಸಂಗತಿ ಹೇಳುತ್ತೇನೆ. ಮೂವತ್ತು ವರ್ಷದ ಹಿಂದೆ ಜಾತ್ರೆಯಲ್ಲಿ ಕ್ಯಾಂಪ್ ಹಾಕಿದ್ದ ಒಂದು ನಾಟಕ ಕಂಪನಿಯ ನಾಟಕ ನೋಡಿ ವಿಮರ್ಶೆ ಬರೆದೆ. ‘ಗಂಭೀರ ದೃಶ್ಯದ ನಡುವೆ ಸಂಬಂಧವೇ ಇಲ್ಲದ ಹಾಸ್ಯ ತುರುಕಿದ್ದಾರೆ’ ಅಂತ. ಮಾರನೇ ದಿನ ಮಾಲೀಕರು ಹೇಳಿ ಕಳಿಸಿದರು. ಬೈಯಲಿಲ್ಲ, ಟೀ ಕೊಡಿಸಿದರು. ‘ಸಾಹುಕಾರನ ಮನೆ ಸೀನ್ ಇಳಿಸಿ ಜೈಲು ಕಟ್ಟೋಕೆ ನಮ್ಮ ಹುಡುಗರಿಗೆ ಐದು ನಿಮಿಷ ಬೇಕು ಸ್ವಾಮಿ. ಅಷ್ಟು ಹೊತ್ತು ಮುಂದಿನ ಪರದೆ ಬಿಟ್ಟು ಇಬ್ಬರು ಮಾತಾಡಬೇಕು. ನೀವೇ ಬರೆದುಕೊಡಿ’ ಅಂದರು. ಎರಡು ರಾತ್ರಿ ಕೂತು ಬರೆದೆ. ಹಾಸ್ಯದ ಪಾತ್ರದವನು ನನ್ನ ಹಾಳೆ ಓದಿ, ಮಡಚಿ, ಕಿವಿಯ ಹಿಂದಿದ್ದ ಬೀಡಿಯ ಪಕ್ಕ ಸಿಕ್ಕಿಸಿಕೊಂಡು ಸ್ಟೇಜಿಗೆ ಹೋದ. ನನ್ನ ಮೊದಲ ಮೂರು ಮಾತು ಹೇಳಿದ. ಟೆಂಟ್‌ನಲ್ಲಿ ಒಬ್ಬರೂ ನಗಲಿಲ್ಲ. ನಾಲ್ಕನೇ ಮಾತಿಗೆ ತನ್ನ ಹಳೇದನ್ನೇ ಶುರುಮಾಡಿದ. ಜನ ಬಿದ್ದು ಬಿದ್ದು ನಕ್ಕರು. ಪರದೆ ಹಿಂದೆ ಸುತ್ತಿಗೆ ಸದ್ದು ನಡೆದೇ ಇತ್ತು. ಆವತ್ತಿನಿಂದ ‘ತುರುಕಿದ್ದಾರೆ’ ಅನ್ನೋ ಪದ ನನ್ನ ಪೆನ್ನಿಗೆ ಬಂದಿಲ್ಲ.

ಹಾಗಾಗಿ ದಡ ಬಿಟ್ಟು ನೀರಿಗೆ ಇಳಿದ ವಿಮರ್ಶಕರ ಬಗ್ಗೆ ನನಗೆ ಮೊದಲಿಂದಲೂ ಒಂದು ಪ್ರೀತಿ. ಫ್ರಾನ್ಸಿನ ನಿರ್ದೇಶಕರು ತ್ರುಫೋ, ಗೊದಾರ್ ಹೆಸರು ನಿಮಗೆ ಗೊತ್ತು, ಅವರೂ ಮೊದಲು ವಿಮರ್ಶಕರೇ. ಅವರನ್ನು ನೀವು ಪತಿತರು ಅನ್ನೋದಿಲ್ಲ, ಯಾಕೆಂದರೆ ಅವರು ಮಾಡಿದ್ದು ಗೌರವದ ಚಿತ್ರ. ಸರಿ, ಅಮೆರಿಕದ ಸಿನಿಮಾ ವಿಮರ್ಶಕ ರೋಜರ್ ಈಬರ್ಟ್ ತಗೊಳ್ಳಿ. 1970ರಲ್ಲಿ ರಸ್ ಮೇಯರ್ ಎಂಬ ನಿರ್ದೇಶಕನಿಗೆ ಕಥೆ ಬರೆದುಕೊಟ್ಟರು. ಸಭ್ಯರು ಮೂಗು ಮುಚ್ಚಿಕೊಳ್ಳುವಂಥ ಚಿತ್ರ. ಐದು ವರ್ಷದ ಮೇಲೆ, 1975ರಲ್ಲಿ, ಅದೇ ಮನುಷ್ಯನ ವಿಮರ್ಶೆಗೆ ಪುಲಿಟ್ಜರ್ ಪ್ರಶಸ್ತಿ ಬಂತು!

ಇನ್ನು ಮೆಕ್‌ಗಿಲಿವ್ರೇ. ನಿರ್ದೇಶಕ ಪೀಟ್ ವಾಕರ್‌ಗೆ 1974ರಿಂದ 1976ರೊಳಗೆ ನಾಲ್ಕು ಚಿತ್ರ ಬರೆದರು. ಆಗ ಭಯದ ಚಿತ್ರಗಳಿಗೆ ಹೆಸರಾದ ಹ್ಯಾಮರ್ ಕಂಪನಿಯ ಕೋಟೆ, ಡ್ರಾಕುಲಾ, ಕುದುರೆಗಾಡಿಗಳ ಕಾಲ ಮುಗಿಯುತ್ತಾ ಬಂದಿತ್ತು. ವಾಕರ್ ಹತ್ತಿರ ಕೋಟೆ ಕಟ್ಟಲು ದುಡ್ಡಿಲ್ಲ. ಅದಕ್ಕೇ ಭೂತ ಇವತ್ತಿನ ಮನೆಗೇ ಬಂತು. ‘ಹೌಸ್ ಆಫ್ ವಿಪ್‌ಕಾರ್ಡ್’ನಲ್ಲಿ ರಾಕ್ಷಸ ಯಾರು? ಕಣ್ಣು ಕಾಣದ ಒಬ್ಬ ಹಳೆಯ ಜಡ್ಜ್, ಅವನ ಜೊತೆ ಜೈಲು ಅಧಿಕಾರಿಯಾಗಿದ್ದ ಒಬ್ಬ ಹೆಂಗಸು. ಕಾನೂನು ಸಡಿಲವಾಯಿತು ಅಂತ ಖಾಸಗಿ ಜೈಲು ನಡೆಸಿ ಹುಡುಗಿಯರನ್ನು ನೇಣಿಗೆ ಹಾಕುವವರು. ಬ್ರಿಟನ್ನಿನಲ್ಲಿ ಕೊಲೆಗೆ ಗಲ್ಲು ಶಿಕ್ಷೆ ಪೂರ್ತಿ ಹೋಗಿದ್ದು 1969ರಲ್ಲಿ. ಚಿತ್ರ ಬಂದಿದ್ದು 1974ರಲ್ಲಿ. ಚಿತ್ರದ ಶುರುವಿನಲ್ಲೇ, ಗಲ್ಲು ಮತ್ತು ಚಾಟಿ ಯಾವಾಗ ವಾಪಸ್ ಬರುತ್ತದೋ ಅಂತ ಕಾದು ಕೂತವರಿಗೆ ಗಂಭೀರ ಮುಖ ಮಾಡಿ ಅರ್ಪಣೆ! ‘ಹೌಸ್ ಆಫ್ ಮಾರ್ಟಲ್ ಸಿನ್’ನಲ್ಲಿ ಕೊಲೆಗಾರ ಒಬ್ಬ ಪಾದ್ರಿ. ಪಾಪನಿವೇದನೆಗೆ ಬಂದವರ ಮಾತನ್ನು ಟೇಪ್ ಮಾಡಿಕೊಳ್ಳುತ್ತಾನೆ.

ಆದರೆ ನೀವು ನೋಡಬೇಕಾದ್ದು ‘ಫ್ರೈಟ್‌ಮೇರ್’, 1974ರದ್ದೇ. ನರಮಾಂಸ ತಿನ್ನುವ ಚಟಕ್ಕೆ ಹುಚ್ಚಾಸ್ಪತ್ರೆ ಸೇರಿದ್ದ ಹೆಂಗಸು, ಪೂರ್ತಿ ಗುಣವಾಗಿದೆ ಅಂತ ಸರ್ಕಾರದ ಕಡೆಯಿಂದ ಅನಿಸಿಕೊಂಡು ಹೊರಗೆ ಬಂದಿದ್ದಾಳೆ. ತೋಟದ ಮನೆಯಲ್ಲಿ ಗಂಡನ ಜೊತೆ ವಾಸ. ಗಂಡನಿಗೆ ಹುಚ್ಚೇ ಇಲ್ಲ. ಹೆಂಡತಿ ಒಬ್ಬಳೇ ಆಗುತ್ತಾಳಲ್ಲ ಅಂತ ಹುಚ್ಚನ ಹಾಗೆ ನಟಿಸಿ ಇಷ್ಟು ವರ್ಷ ಅಲ್ಲೇ ಇದ್ದವನು. ಅವನ ಮೊದಲ ಹೆಂಡತಿಯ ಮಗಳು ರಾತ್ರಿ ಹೊತ್ತು ಕಾಗದದಲ್ಲಿ ಸುತ್ತಿದ ಪೊಟ್ಟಣ ತಂದುಕೊಡುತ್ತಾಳೆ. ಒಳಗಿರೋದು ಪ್ರಾಣಿಯ ಮೆದುಳು. ಮನುಷ್ಯರದ್ದು ಅಂತ ನಂಬಿಸಿದರೆ ಚಿಕ್ಕಮ್ಮ ಸುಮ್ನಿರುತ್ತಾಳೆ ಅನ್ನೋ ಆಸೆ. ಆ ಚಿಕ್ಕಮ್ಮ ಶೀಲಾ ಕೀತ್. ಕೂದಲು ನರೆತ ಹೆಂಗಸು ಮೇಜಿನ ಮೇಲೆ ಇಸ್ಪೀಟಿನಂಥ ಕಾರ್ಡು ಹರಡಿ ಭವಿಷ್ಯ ಹೇಳುತ್ತಾಳೆ. ದನಿ ನಮ್ಮ ಪಕ್ಕದ ಮನೆ ಅಜ್ಜಿಯದ್ದೇ. ಕೇಳುತ್ತಾ ಕೇಳುತ್ತಾ ನಿಮಗೇ ಎದ್ದು ಬಾಗಿಲು ಹಾಕಿದೆಯಾ ಅಂತ ನೋಡಬೇಕು ಅನ್ನಿಸುತ್ತದೆ. ಇದನ್ನು ಬರೆದವನ ಕೈ ‘ಪತನ’ವಾದ ಕೈ ಅಂತೀರಾ ಮೇಷ್ಟ್ರೇ? ಗಂಡನ ಪ್ರೀತಿಯೇ ಎಲ್ಲರ ಕುತ್ತಿಗೆಗೆ ಬರುವ ಕಥೆ ಅದು. ಸೆಟ್ಟಿಗೆ ದುಡ್ಡಿಲ್ಲದ್ದಕ್ಕೆ ಮಾತಿನಲ್ಲಿ ಕಟ್ಟಿದ್ದಾರೆ, ಅಷ್ಟೇ.

ಆಮೇಲೆ ನಾರ್ಮನ್ ಜೆ. ವಾರನ್ ಎಂಬ ಇನ್ನೊಬ್ಬ ನಿರ್ದೇಶಕನಿಗೆ ಎರಡು ಬರೆದರು. ಎರಡನೆಯದು 1978ರ ‘ಟೆರರ್’. ಕಥೆಗೆ ತಲೆಬುಡ ಇಲ್ಲ, ಒಪ್ಪಿದೆ. ಆದರೆ ಅದರಲ್ಲಿ ಫಿಲ್ಮ್ ರೀಲುಗಳೇ ಡಬ್ಬಿ ಬಿಟ್ಟು ಎದ್ದು ಒಬ್ಬನ ಮೇಲೆ ಬೀಳುತ್ತವೆ. ವಿಮರ್ಶಕನಾಗಿ ಸಿನಿಮಾ ನೋಡಿ ನೋಡಿ ಸುಸ್ತಾದವನಿಗೇ ಹೊಳೆಯುವ ಸಾವು ಅದು ಅಂತ ನನ್ನ ಗುಮಾನಿ.

ಇದೇ ಮೆಕ್‌ಗಿಲಿವ್ರೇ ವಾಲ್ಟರ್ ಜರ್ಲಿನ್ ಜೂನಿಯರ್ ಜೊತೆ ‘ಫಾರ್ನ್‌ಡೇಲ್ ಅವೆನ್ಯೂ’ ನಾಟಕಗಳನ್ನೂ ಬರೆದರು. ಒಂದು ಬಡಾವಣೆಯ ಮಹಿಳಾ ಸಂಘದವರು ನಾಟಕ ಆಡುತ್ತಾರೆ, ಪ್ರತಿಸಲ ಎಲ್ಲವೂ ಕೆಡುತ್ತದೆ. ಇವತ್ತಿಗೂ ಹವ್ಯಾಸಿ ತಂಡಗಳು ಅವನ್ನು ಆಡುತ್ತಿವೆ. ಕೆಟ್ಟ ನಾಟಕ ಹೇಗೆ ಕೆಡುತ್ತದೆ ಅನ್ನೋದು ಅಷ್ಟು ಚೆನ್ನಾಗಿ ಗೊತ್ತಿರೋದು ಯಾರಿಗೆ? ನಿಮ್ಮ ಕೊನೆಯ ಪ್ರಶ್ನೆಗೆ, ಹಳೆಯ ವಿಮರ್ಶೆಗೆ ಏನು ಬೆಲೆ ಅಂದಿರಲ್ಲ, ಅದಕ್ಕೆ ನನ್ನ ಉತ್ತರ ಇದೇ.

ಇಲ್ಲಿ ನನ್ನ ಹೊಟ್ಟೆಯುರಿಯನ್ನೂ ಹೇಳಿಬಿಡುತ್ತೇನೆ. ವಿಮರ್ಶೆ ಅಂದರೆ ಈಗ ಏನಾಗಿದೆ? ಇಂಟರ್ವಲ್‌ನಲ್ಲಿ ಪಾಪ್‌ಕಾರ್ನ್ ಸಾಲಲ್ಲಿ ನಿಂತು ಮೊಬೈಲಲ್ಲಿ ಸ್ಟಾರ್ ಒತ್ತೋದು. ಮುಗಿಯೋ ಮುಂಚೆ ಎರಡೂವರೆ! ಬರೆದವನ ಹೆಸರು ಕೇಳಿದರೆ ಗೊತ್ತಿರಲ್ಲ. ಗೊತ್ತಿರೋದಾದರೂ ಹೇಗೆ? ನಮ್ಮ ಎಷ್ಟೋ ಪೋಸ್ಟರ್‌ಗಳಲ್ಲಿ ‘ಕಥೆ, ಚಿತ್ರಕಥೆ, ಸಂಭಾಷಣೆ, ನಿರ್ದೇಶನ’ ಎಲ್ಲದಕ್ಕೂ ಸೇರಿ ಒಂದೇ ಹೆಸರು. ಬರೆಯೋದನ್ನೇ ಕಸುಬು ಮಾಡಿಕೊಂಡವನಿಗೆ ಅಲ್ಲಿ ಜಾಗವೇ ಇಲ್ಲ. ನಾವು ಎರಡು ಪುಟ ಕೊಟ್ಟಿದ್ದಕ್ಕೆ ನೀವು ಗದರುತ್ತೀರಿ; ನಾಲ್ಕು ಕೊಡಬೇಕಿತ್ತು ಅಂತ ನನಗೆ ಈಗ ಅನ್ನಿಸುತ್ತಿದೆ.

ಪತ್ರದ ತುದಿಯಲ್ಲಿ, ಮೇ ಸಂಚಿಕೆ ಬಂದಿಲ್ಲ ಅಂದಿದ್ದೀರಿ. ನಿನ್ನೆಯೇ ಇನ್ನೊಂದು ಪ್ರತಿ ಅಂಚೆಗೆ ಹಾಕಿಸಿದ್ದೇನೆ. ಕಂದು ಕಾಗದದಲ್ಲಿ ಸುತ್ತಿದ ಪೊಟ್ಟಣ ಬರುತ್ತದೆ. ಹೆದರಬೇಡಿ, ಒಳಗೆ ಪತ್ರಿಕೆ ಮಾತ್ರ ಇದೆ.